ಸುಭದ್ರಮ್ಮನವರ ಪಾರಣೆ

ಜಯನಗರದ ಮೂರನೇ ಬ್ಲಾಕಿನಲ್ಲಿ ಬದರಿನಾಥ ಮನೆ ಕಟ್ಟಿಸಿದಾಗ ಆ ಬೀದಿಗೆ ಇದ್ದದ್ದು ನಾಲ್ಕೇ ಮನೆ. ಮಿಕ್ಕದ್ದೆಲ್ಲ ಕಲ್ಲು ನೆಟ್ಟ ಸೈಟು, ಲಾಂಟಾನದ ಪೊದೆ, ಅದರಾಚೆ ಯಡಿಯೂರು ಕೆರೆಯ ಏರಿ. ಆ ಮನೆಯಲ್ಲಿ ದಿನದ ಮೊದಲ ಮಾತು ಯಾವತ್ತೂ ಒಂದೇ. ಬದರಿನಾಥನ ತಾಯಿ ಸುಭದ್ರಮ್ಮ ಸ್ನಾನ ಮುಗಿಸಿ, ಬೋಳುತಲೆಯ ಮೇಲೆ ಕೆಂಪು ಮಡಿಸೀರೆಯ ಸೆರಗು ಎಳೆದುಕೊಂಡು, ದೇವರಮನೆ ಹೊಸಲಿನ ಹತ್ತಿರ ನಿಂತು ಕೇಳುವರು:

"ಸರಸೂ, ಇವತ್ತೇನೇ?"

ಮೊಮ್ಮಗಳು ಸರಸ್ವತಿ ಗೂಟದಿಂದ ಪಂಚಾಂಗ ತೆಗೆದು ಓದುವಳು. ಸಂವತ್ಸರ, ಮಾಸ, ಪಕ್ಷ, ತಿಥಿ, ವಾರ, ನಕ್ಷತ್ರ. ಸುಮ್ಮನೆ ಓದಿದರೆ ಅಜ್ಜಿಗೆ ಸೇರದು. ಸಂಜೆ ದೀಪದ ಮುಂದೆ ಕೂರಿಸಿಕೊಂಡು ಷಟ್ಪದಿ ಹೇಳಿಕೊಟ್ಟಿದ್ದರಲ್ಲ, ಆ ರಾಗದಲ್ಲೇ ಎಳೆದು ಓದಬೇಕು. ಓದಿ ಮುಗಿದ ಮೇಲೆ ಸೊಸೆ ಸೀತಾಲಕ್ಷ್ಮಿ ಒಲೆ ಹಚ್ಚಬೇಕು. "ತಿಥಿ ತಿಳೀದೆ ಅನ್ನಕ್ಕಿಡೋದೇನು, ಹೋಟ್ಲೇ ಇದು?" ಅನ್ನುವರು.

ಏಕಾದಶಿ ಬಂತೆಂದರೆ ಸುಭದ್ರಮ್ಮನವರ ಬಾಯಿಗೆ ತೊಟ್ಟು ನೀರೂ ಇಲ್ಲ. ಮದುವೆಯಾಗಿ ಬಂದ ವರ್ಷದಿಂದ ಒಂದನ್ನೂ ಬಿಟ್ಟವರಲ್ಲ. ಮಾರನೆಯ ದಿನ ದ್ವಾದಶಿ, ಸೂರ್ಯ ಹುಟ್ಟುತ್ತಲೇ ಪಾರಣೆ. ಬಲಗೈಯ ಗುಳಿಯಲ್ಲಿ ತೀರ್ಥ ತೆಗೆದುಕೊಂಡು, ಅಗಸೆ ಸೊಪ್ಪಿನ ಪಲ್ಯ, ನೆಲ್ಲಿಚೆಟ್ಟಿನ ತಂಬುಳಿಯಲ್ಲಿ ಉಪವಾಸ ಬಿಡುವುದು. ಆ ಊಟಕ್ಕೆ ಎಳೆಮಗುವಿನ ಹಾಗೆ ಕಾದಿರುವರು. "ಉಪವಾಸದಲ್ಲಿ ಅರ್ಧ ಏಕಾದಶಿ, ಇನ್ನರ್ಧ ಪಾರಣೆ ಕಣೇ ಸೀತಾ. ಹೊತ್ತಿಗೆ ಸರಿಯಾಗಿ ಉಣ್ಣದಿದ್ರೆ ಮಾಡಿದ್ದೆಲ್ಲ ನೀರುಪಾಲು" ಎಂದು ನಗುವರು.

ಸಂಕ್ರಾಂತಿ ಕಳೆದು ಐದನೆಯ ದಿನ ತುಳಸಿಗೆ ನೀರು ಹಾಕುತ್ತಿದ್ದವರು ಹಾಗೇ ಕಟ್ಟೆಗೆ ಒರಗಿ ಕುಸಿದರು. ಲಕ್ವ ಹೊಡೆದಿತ್ತು. ಬಲಗೈ, ಬಲಗಾಲು ಹೋದವು. ಮಾತು ಹೋಯಿತು. ಗಂಟಲಿನ ಶಕ್ತಿಯೂ ಹೋಗಿ, ಒಂದು ಚಮಚ ನೀರು ಬಿಟ್ಟರೆ ನೆತ್ತಿಗೇರಿ ಮುಖ ನೀಲಿಗಟ್ಟುತ್ತಿತ್ತು. ದೊಡ್ಡಾಸ್ಪತ್ರೆಯಲ್ಲಿ ಎರಡು ವಾರ ಇಟ್ಟುಕೊಂಡು, ಮೂಗಿನಿಂದ ಹೊಟ್ಟೆಯವರೆಗೆ ಒಂದು ಕೆಂಪು ರಬ್ಬರ್ ಕೊಳವೆ ಇಳಿಸಿ, ಹೊರಗಿನ ತುದಿಯನ್ನು ಪ್ಲಾಸ್ಟರಿನಿಂದ ಕೆನ್ನೆಗೆ ಅಂಟಿಸಿ, ಮನೆಗೆ ಕಳಿಸಿದರು.

ಕೊಳವೆಯ ಕೆಲಸ ಸೀತಾಲಕ್ಷ್ಮಿಗೆ ಬಿತ್ತು. ತುದಿಗೆ ಗಾಜಿನ ಆಲಿಕೆ ಸಿಕ್ಕಿಸಿ, ಎತ್ತಿ ಹಿಡಿದು, ಹಾಲನ್ನೋ ಬೇಳೆಕಟ್ಟನ್ನೋ ಶೋಧಿಸಿದ ರಾಗಿ ಗಂಜಿಯನ್ನೋ ನಿಧಾನವಾಗಿ ಬಿಡಬೇಕು. ಮೂರು ಗಂಟೆಗೊಮ್ಮೆ, ಹಗಲೂ ರಾತ್ರಿಯೂ. ನಡುವೆ ಮಗ್ಗುಲು ಬದಲಾಯಿಸಬೇಕು, ಬಟ್ಟೆ ಒಗೆಯಬೇಕು, ಬೆನ್ನಿನ ಹುಣ್ಣಿಗೆ ಪುಡಿ ಹಾಕಿ ಬಾಳೆಯ ಸುಳಿಯೆಲೆ ಹಾಸಬೇಕು. ಅದರ ಜೊತೆಗೆ ಗಂಡನ ಆಫೀಸಿನ ಡಬ್ಬಿ, ಮಗಳ ಸ್ಕೂಲಿನ ಡಬ್ಬಿ, ಕಾರ್ಖಾನೆಗೆ ಶಿಫ್ಟಿನ ಮೇಲೆ ಹೋಗುವ ಮೈದುನ ಕಿಟ್ಟಿಯ ಹೊತ್ತುಗೊತ್ತಿಲ್ಲದ ಊಟ.

ಬಸವನಗುಡಿಯಿಂದ ನಾದಿನಿ ಪಂಕಜಾ ಭಾನುವಾರ ಭಾನುವಾರ ಬರುವಳು. ತಾಯಿಯ ಕಾಲ ಹತ್ತಿರ ಕೂತು ಅಳುವಳು.

"ಆಸ್ಪತ್ರೇಲಿ ಹಾಲಿಗೆ ಮೊಟ್ಟೆ ಕದಡಿ ಬಿಟ್ಟಿರ್ತಾರೆ ಅತ್ತಿಗೆ. ನಮಗೆ ಹೇಳಿರಲ್ಲ ಅಷ್ಟೆ."

"ನಾನೇ ಕೂತು ಬಿಟ್ಟಿದ್ದೀನಿ ಪಂಕಜಾ. ಬರೀ ಹಾಲು."

"ನೀವು ಮನೆಗೆ ಬಂದಾಗ?"

"ನೀನು ಬಂದು ಕೂತ್ಕೋಬಹುದಾಗಿತ್ತು."

ಪಂಕಜಾ ಕಣ್ಣೊರೆಸಿಕೊಂಡು ಕಾಫಿ ಕುಡಿದು ಐದು ಗಂಟೆ ಬಸ್ಸಿಗೆ ಹೋಗುವಳು. ಅವಳು ತಂದ ಕಿತ್ತಳೆಹಣ್ಣು ಗೂಡಿನಲ್ಲಿ ಒಣಗುವುದು.

ಮನೆಗೆ ಬಂದ ಮೊದಲ ವಾರಗಳಲ್ಲಿ ಸುಭದ್ರಮ್ಮನವರಿಗೆ ಮೈಮೇಲೆ ಎಚ್ಚರವೇ ಸರಿಯಾಗಿರಲಿಲ್ಲ. ಒಂದು ಏಕಾದಶಿ ಬಂದು ಹಾಗೇ ಕಳೆದುಹೋಯಿತು. ಆಮೇಲೆ ಕಣ್ಣಿನ ನೋಟ ನೆಲೆಗೆ ನಿಂತಿತು. ಎಡಗೈ ಆಡಿತು. ಯಾರು ಬಂದರು, ಯಾರು ಹೋದರು ನೋಡುವರು. ಒಂದು ಬೆಳಗ್ಗೆ ಸರಸ್ವತಿ ಸ್ಕೂಲಿಗೆ ಹೊರಟವಳು ಏನನ್ನಿಸಿತೋ, ಪಂಚಾಂಗ ತೆಗೆದುಕೊಂಡು ಅಜ್ಜಿಯ ತಲೆದೆಸೆಯಲ್ಲಿ ನಿಂತು ಓದಿದಳು. ಅಜ್ಜಿಯ ಎಡಗಣ್ಣಿನಿಂದ ನೀರು ಇಳಿಯಿತು. ಅಂದಿನಿಂದ ದಿನವೂ ಓದುವುದಾಯಿತು.

ಮಾಘ ಬಹುಳದಲ್ಲಿ ಒಂದು ದಿನ ಹೀಗೆ ಓದುವಾಗ ತಿಥಿ ಏಕಾದಶಿ ಬಂತು. ಸರಸ್ವತಿ ಓದಿ ಪಂಚಾಂಗ ಮಡಿಸಿದಳು. ಸೀತಾಲಕ್ಷ್ಮಿ ಹಾಲು ತಂದು ಪ್ಲಾಸ್ಟರು ಬಿಡಿಸಿ ಕೊಳವೆಗೆ ಕೈ ಹಾಕುವಷ್ಟರಲ್ಲಿ ಅತ್ತೆಯ ಎಡಗೈ ಬಂದು ಕೊಳವೆಯನ್ನು ಮಡಚಿ ಹಿಡಿಯಿತು. ಬಿಡಿಸಲು ನೋಡಿದಳು. ಬಿಡಲಿಲ್ಲ.

"ಯಾಕತ್ತೆ? ಬಿಸಿ ಇಲ್ಲ, ಆರಿದೆ."

"ಅಮ್ಮಾ, ಇವತ್ತು ಏಕಾದಶಿ" ಅಂದಳು ಸರಸ್ವತಿ.

ತಾಯಿ ಮಗಳು ಒಬ್ಬರ ಮುಖ ಒಬ್ಬರು ನೋಡಿಕೊಂಡರು.

"ಇಷ್ಟು ದಿನವಾದ ಮೇಲೂ ಇವರಿಗೆ…" ಅಂದಳು ಸೀತಾಲಕ್ಷ್ಮಿ. "ಆಗಲಿ ಅತ್ತೆ, ಬೇಡ."

ಕೈ ಬಿಟ್ಟಿತು. ಅವತ್ತು ಕೊಳವೆಗೆ ಏನನ್ನೂ ಬಿಡಲಿಲ್ಲ. ಮಾರನೆಯ ದಿನ ಬಿಸಿಲು ಕಿಟಕಿಗೆ ಬರುವ ಮೊದಲೇ ಅವಳು ಹಾಲಿಗೆ ನಾಲ್ಕು ಹನಿ ತೀರ್ಥ ಬೆರೆಸಿ ತಂದಾಗ ಸುಭದ್ರಮ್ಮ ಎಡಗೈಯಿಂದ ಕೊಳವೆಯ ತುದಿಯನ್ನು ತಾವೇ ಹಿಡಿದು ಸೊಸೆಯ ಕಡೆಗೆ ನೀಡಿದರು. ಹಾಲೆಲ್ಲ ಇಳಿದ ಮೇಲೆ ಅವಳ ಮಣಿಕಟ್ಟನ್ನು ಒಂದು ಸಲ ಒತ್ತಿದರು.

ಆದರೆ ಏಕಾದಶಿಯ ಸಂಜೆ ಇನ್ನೊಂದು ನಡೆದುಹೋಗಿತ್ತು. ಹಿಂದಿನ ವಾರ ಬಟ್ಟೆ ಒಗೆಯುವ ಗಡಿಬಿಡಿಯಲ್ಲಿ ಒಂದು ಹೊತ್ತಿನ ಹಾಲು ತಪ್ಪಿದ್ದಕ್ಕೆ ಬದರಿನಾಥ ಸಿಡಿದುಬಿದ್ದಿದ್ದ. ಡಾಕ್ಟರು ಅಷ್ಟು ಹೇಳಿದ್ದಾರೆ, ಒಂದು ಹೊತ್ತು ತಪ್ಪಿದರೂ ನೀರು ಕಡಿಮೆಯಾಗಿ ಜೀವಕ್ಕೆ ಅಪಾಯ, ನಿನಗೆ ಅಷ್ಟೂ ನಿಗಾ ಇಲ್ಲವೆ ಎಂದಿದ್ದ. ಏಕಾದಶಿಯ ದಿನ ಆಫೀಸಿನಿಂದ ಬಂದವನು ಕೋಟು ಬಿಚ್ಚುತ್ತ ಕೇಳಿದ:

"ಅಮ್ಮನಿಗೆ ಹಾಲು ಹೋಯ್ತಾ?"

"ಹೋಯ್ತು."

"ಏಕಾದಶಿ ಅಂತ ಏನೂ ತಕರಾರು ಮಾಡ್ಲಿಲ್ವಾ?"

"ಇಲ್ಲ. ತೊಗೊಂಡ್ರು."

ಬಿಡದೆ ಉಳಿದ ಹಾಲಿಗೆ ಹೆಪ್ಪು ಹಾಕಿದಳು. ಮರುದಿನ ಮನೆಯವರೆಲ್ಲ ಆ ಮೊಸರು ಕಲಸಿಕೊಂಡು ಉಂಡರು.

ಡಾಕ್ಟರ್ ಜಯಸಿಂಹ ಸೌತ್ ಎಂಡ್ ಕಡೆ ಶಾಪು ಇಟ್ಟುಕೊಂಡಿದ್ದವರು. ವಾರಕ್ಕೊಮ್ಮೆ ಸ್ಕೂಟರಿನಲ್ಲಿ ಬಂದು ನೋಡಿ ಹೋಗುವರು. ಶಿವರಾತ್ರಿ ಕಳೆದು ಬಂದಾಗ ಬೆನ್ನಿನ ಹುಣ್ಣು ನೋಡಿ, ಕೈ ತೊಳೆದುಕೊಂಡು, ಜಗಲಿಯಲ್ಲಿ ಕೂತರು. ಬದರಿನಾಥ ಎದುರಿಗೆ ನಿಂತ. ಕಿಟ್ಟಿ ಕಂಬಕ್ಕೆ ಒರಗಿದ. ಸೀತಾಲಕ್ಷ್ಮಿ ಕಾಫಿ ಹಿಡಿದು ಬಾಗಿಲಲ್ಲಿ ನಿಂತಳು.

"ಹುಣ್ಣು ಮೂಳೆ ಮುಟ್ಟಿದೆ" ಅಂದರು ಡಾಕ್ಟರು. "ನಾನು ಸುಳ್ಳು ಹೇಳಲ್ಲ. ಗಂಟಲು ವಾಪಸ್ ಬರೋದಿಲ್ಲ. ಕೈಕಾಲೂ ಬರೋದಿಲ್ಲ."

"ಎಷ್ಟು ದಿವಸ ಸಾರ್?" ಅಂದ ಬದರಿನಾಥ.

"ಟ್ಯೂಬಿದ್ರೆ ಎರಡು ತಿಂಗಳಿರಬಹುದು, ಆರು ತಿಂಗಳಿರಬಹುದು. ಹುಣ್ಣು ಜಾಸ್ತಿಯಾಗುತ್ತೆ. ನೋವಿರುತ್ತೆ, ಹೇಳಲಾರರು."

"ಟ್ಯೂಬಿಲ್ದಿದ್ರೆ?"

"ಒಂದು ವಾರ. ತುಟಿ ಒದ್ದೆ ಮಾಡ್ತಾ ಇದ್ರೆ ಅಷ್ಟು ಸಂಕಟ ಆಗಲ್ಲ ಅಂತಾರೆ. ನಾನು ಹೋಗಿ ನೋಡಿ ಬಂದವನಲ್ಲ."

"ನಿಮ್ಮ ತಾಯಿಯಾಗಿದ್ರೆ ಏನ್ ಮಾಡ್ತಿದ್ರಿ?" ಅಂದ ಕಿಟ್ಟಿ.

ಡಾಕ್ಟರು ಕಾಫಿ ಮುಗಿಸಿ ಲೋಟ ಕೆಳಗಿಟ್ಟರು. "ತೆಗೀರಿ ಅಂತ ನಾನು ಹೇಳಲ್ಲ. ಇಡಿ ಅಂತಲೂ ಹೇಳಲ್ಲ. ನೀವು ತೀರ್ಮಾನಿಸಿ ಹೇಳಿ ಕಳಿಸಿದ್ರೆ ಬಂದು ಮಾಡ್ತೀನಿ. ಅವರಿಗೆ ಎಚ್ಚರ ಇದೆ. ಅವರ ಮನಸ್ಸೇನು ಅಂತ ಗೊತ್ತಾದ್ರೆ ಎಲ್ಲರಿಗಿಂತ ಅದು ದೊಡ್ಡದು."

ಅವತ್ತು ರಾತ್ರಿ ಎಲೆಯ ಮುಂದೆ ಅಣ್ಣತಮ್ಮಂದಿರಿಗೆ ಮಾತು ಬೆಳೆಯಿತು. ಸೀತಾಲಕ್ಷ್ಮಿ ಸಾರು ಬಡಿಸುತ್ತಿದ್ದಳು.

"ಅಮ್ಮ ಹೋಟ್ಲು ಕಾಫಿ ಮುಟ್ಟಿದೋಳಲ್ಲ" ಅಂದ ಬದರಿನಾಥ. "ಮಡಿ ಅಂದ್ರೆ ಪ್ರಾಣ. ಅವಳ ಮೂಗಲ್ಲಿ ಯಾರ್ಯಾರೋ ಮುಟ್ಟಿದ ರಬ್ಬರು. ಇದು ಬದುಕೇನೋ ಕಿಟ್ಟಿ?"

"ಹಾಗಂತ ಉಪವಾಸ ಕೆಡವಿ ಸಾಯಿಸ್ತೀಯಾ?"

"ಬಾಯಿಗೆ ಬಂದಿದ್ದು ಆಡಬೇಡ."

"ಮತ್ತೇನನ್ನಲಿ? ಎದುರಿಗೆ ಹಾಲಿದೆ, ಹೆತ್ತ ತಾಯಿಗೆ ಕೊಡಲ್ಲ ಅಂದ್ರೆ ಅದಕ್ಕೆ ನಿಮ್ಮ ಆಫೀಸಲ್ಲಿ ಬೇರೆ ಹೆಸರಿದ್ಯಾ?"

"ಬಟ್ಟೆ ಒಗೆಯೋಳು ನಿನ್ನತ್ತಿಗೆ. ನೀನು ಶಿಫ್ಟು ಅಂತ ಹೋಗ್ತೀಯ."

"ಅತ್ತಿಗೆ ಹೇಳಿದ್ರೇನು, ತೆಗೀರಿ ಅಂತ?"

ಇಬ್ಬರೂ ಅವಳ ಕಡೆ ತಿರುಗಿದರು. ಸೀತಾಲಕ್ಷ್ಮಿ ಸೌಟು ಪಾತ್ರೆಯಲ್ಲಿ ಬಿಟ್ಟಳು.

"ನನ್ನನ್ನು ಕೇಳಬೇಡಿ. ನೀವು ಹೇಳಿದ್ದು ಮಾಡ್ತೀನಿ."

ಸಾಲಿನ ತುದಿಯಲ್ಲಿ ಕೂತಿದ್ದ ಸರಸ್ವತಿ ತಲೆ ಎತ್ತಿ, "ಅಜ್ಜೀನೇ ಕೇಳಿದ್ರೆ?" ಅಂದಳು.

"ದೊಡ್ಡೋರ ಮಾತಲ್ಲಿ ನೀನು ಸುಮ್ನಿರು" ಅಂದ ಬದರಿನಾಥ. ಆಮೇಲೆ ಮಜ್ಜಿಗೆ ಅನ್ನ ಕಲಸುತ್ತ ತಗ್ಗಿದ ದನಿಯಲ್ಲಿ ಅಂದ: "ಹೇಗೆ ಕೇಳ್ತೀಯೇ ಅದನ್ನ?"

ಕಿಟ್ಟಿ ಎಲೆ ಮಡಿಸಿದ. "ಅಮ್ಮ ಬೇಡ ಅಂತ ತಾನೇ ತೋರಿಸಲಿ. ಆಗ ನಾನು ಅಡ್ಡ ಬರಲ್ಲ. ನೀನು ಹೇಳಿದ್ದಕ್ಕೆ ಮಾತ್ರ ಒಪ್ಪಲ್ಲ."

ಬೆಳಗ್ಗೆ ಯಡಿಯೂರಿನಿಂದ ಹಸು ಹೊಡೆದುಕೊಂಡು ಬಂದು ಬಾಗಿಲಲ್ಲೇ ಕರೆದು ಕೊಡುತ್ತಿದ್ದ ಮುನಿಲಕ್ಷ್ಮಮ್ಮ ಹಾಲು ಅಳೆಯುತ್ತ ಸೀತಾಲಕ್ಷ್ಮಿಯ ಮುಖ ನೋಡಿದಳು.

"ಏನ್ರಮ್ಮಣ್ಣಿ, ನೀವೇ ಮಲಗೋ ಹಂಗಾಗಿದ್ದೀರಿ. ದೊಡ್ಡಮ್ಮೋರು ಎಂಗವ್ರೆ?"

"ಹಾಗೇ ಇದ್ದಾರೆ."

"ನಮ್ಮತ್ತೇನೂ ಇಂಗೇ ಬಿದ್ದಿತ್ತು. ಕೊಳಾಯಿ ಗಿಳಾಯಿ ಯಾರು ಕಂಡಿದ್ರು. ಮೂರು ದಿನಕ್ಕೆ ಓಗ್ಬಿಟ್ಲು. ಪುಣ್ಯಾತ್ಗಿತ್ತಿ." ಒಂದು ಕುಡ್ತೆ ಹೆಚ್ಚಿಗೆ ಸುರಿದು, "ಇದು ನಿಮಗೆ, ನೀವು ಕುಡೀರಿ" ಅಂದಳು.

ಸೀತಾಲಕ್ಷ್ಮಿ ಕುಡಿಯಲಿಲ್ಲ. ಒಲೆಯ ಮುಂದೆ ಕೂತಲ್ಲೇ ತೂಕಡಿಸಿ ಹಾಲು ಉಕ್ಕಿತು.

ಫಾಲ್ಗುಣ ಶುದ್ಧ ಏಕಾದಶಿ ಎರಡನೇ ಶನಿವಾರ ಬಂತು. ಬದರಿನಾಥನಿಗೆ ಆಫೀಸಿಗೆ ರಜ. ಕಿಟ್ಟಿಗೆ ಎರಡನೇ ಶಿಫ್ಟು. ಸರಸ್ವತಿಗೆ ಶನಿವಾರ ಬೆಳಗಿನ ಸ್ಕೂಲು. ಅವಳು ಆರು ಗಂಟೆಗೇ ಪಂಚಾಂಗ ಓದಿ, ತಾಯಿಯ ಕಡೆ ಒಂದು ನೋಟ ನೋಡಿ, ಚೀಲ ಹೆಗಲಿಗೇರಿಸಿ ಹೋದಳು. ಆ ನೋಟ ಸೀತಾಲಕ್ಷ್ಮಿಗೆ ತಿಳಿಯಿತು. ಆದರೆ ಗಂಡಸರಿಬ್ಬರೂ ಮನೆಯಲ್ಲಿದ್ದರು. ಹಾಲು ಬಿಡದೆ ಇದ್ದರೆ ಕೇಳುತ್ತಾರೆ. ಒಂಬತ್ತು ಗಂಟೆಗೆ ಹಾಲು ತೆಗೆದುಕೊಂಡು ಒಳಗೆ ಹೋದಳು. ಬದರಿನಾಥ ತಾಯಿಯ ಮಗ್ಗುಲು ಬದಲಾಯಿಸಲು ಜೊತೆಗೇ ಬಂದ.

ಸುಭದ್ರಮ್ಮನವರ ಎಡಗೈ ಬಂದು ಕೊಳವೆಯನ್ನು ಮಡಚಿ ಹಿಡಿಯಿತು.

"ಏನಮ್ಮಾ?" ಅಂದ ಬದರಿನಾಥ. ಬೆರಳು ಬಿಡಿಸಲು ನೋಡಿದ. ಅವರು ಇನ್ನೂ ಬಿಗಿಯಾಗಿ ಹಿಡಿದರು. ಕಣ್ಣು ಮಗನ ಮೇಲಿತ್ತು.

"ಕಿಟ್ಟಿ, ಬಾ ಇಲ್ಲಿ."

ಕಿಟ್ಟಿ ಬಂದು ನೋಡಿದ. "ಏಕಾದಶಿ ಅಂತ ಇರಬೇಕು ಕಣೋ."

"ಹೋದ ಏಕಾದಶಿ ತೊಗೊಂಡ್ಲಲ್ಲ. ಅದರ ಹಿಂದಿಂದೂ ತೊಗೊಂಡ್ಲು. ಏಕಾದಶಿ ಆಗಿದ್ರೆ ಆಗ್ಲೇ ಹೀಗೆ ಹಿಡೀಬೇಕಿತ್ತು." ಬದರಿನಾಥ ಹೆಂಡತಿಯ ಕಡೆ ತಿರುಗಿದ. "ಅಲ್ವೇನೇ? ಹೋದ ಸಲ ತಕರಾರಿಲ್ಲದೆ ತೊಗೊಂಡ್ಲು ಅಂದ್ಯಲ್ಲ?"

ಸೀತಾಲಕ್ಷ್ಮಿಯ ಕೈಯಲ್ಲಿ ಹಾಲಿನ ಬಟ್ಟಲಿತ್ತು. ಇನ್ನೊಂದು ಕೈಯಲ್ಲಿ ಆಲಿಕೆ. ಹನ್ನೆರಡಕ್ಕೆ ಮತ್ತೆ ಬಿಡಬೇಕು. ಮೂರಕ್ಕೆ. ಆರಕ್ಕೆ. ಒಂಬತ್ತಕ್ಕೆ. ಮತ್ತೆ ಹನ್ನೆರಡಕ್ಕೆ.

"ಹೂಂ" ಅಂದಳು.

ಕಿಟ್ಟಿ ತಾಯಿಯ ಪಕ್ಕ ಕೂತ. "ಅಮ್ಮಾ, ಬೇಡವೇನಮ್ಮ ನಿನಗೆ?" ಅಂದ. ಸುಭದ್ರಮ್ಮ ಮೆಲ್ಲಗೆ ತಲೆ ಆಡಿಸಿದರು. ಬೇಡ.

"ಸಾಕೇನಮ್ಮ?"

ಸಾಕು ಎನ್ನುವ ಹಾಗೆ ಕಣ್ಣು ಮುಚ್ಚಿ ತೆಗೆದರು.

ಕಿಟ್ಟಿ ಎದ್ದು ಹಿತ್ತಲಿಗೆ ಹೋಗಿ ಬಾವಿಕಟ್ಟೆಯ ಮೇಲೆ ಕೂತುಬಿಟ್ಟ. ಸ್ವಲ್ಪ ಹೊತ್ತಿನ ಮೇಲೆ ಅಲ್ಲಿಂದಲೇ ಅಂದ: "ಕರಕೊಂಡು ಬಾ ಡಾಕ್ಟರನ್ನ. ಅವಳೇ ಹೇಳಿದ ಮೇಲೆ ನಂದೇನಿದೆ."

ಡಾಕ್ಟರ್ ಜಯಸಿಂಹ ಬಂದರು. ಅವರೂ ಕೇಳಿದರು. ಅವರಿಗೂ ತಲೆ ಆಡಿಸಿದ್ದಾಯಿತು. "ಮನೇಲಿ ಎಲ್ಲರಿಗೂ ಒಪ್ಪಿಗೆ ತಾನೆ?" ಅಂದರು. "ಅಮ್ಮನೇ ಬೇಡ ಅಂದ್ಲು" ಅಂದ ಬದರಿನಾಥ. ಪ್ಲಾಸ್ಟರು ಕಿತ್ತು ಕೊಳವೆಯನ್ನು ಒಂದೇ ಎಳೆತಕ್ಕೆ ತೆಗೆದರು. ಸುಭದ್ರಮ್ಮನವರ ಮುಖದಲ್ಲಿ ಅಷ್ಟು ದಿನದ ಮೇಲೆ ಒಂದು ಹಗುರ ಕಂಡಿತು. ಅದನ್ನು ನೋಡಿ ಬದರಿನಾಥ ಪಂಚೆಯ ಅಂಚಿನಿಂದ ಕಣ್ಣೊರೆಸಿಕೊಂಡ. ಸೀತಾಲಕ್ಷ್ಮಿ ಕೊಳವೆಯನ್ನು ತೊಳೆಯಲು ಬಚ್ಚಲಿಗೆ ಒಯ್ದಳು. ಅರ್ಧ ತೊಳೆದ ಮೇಲೆ ಯಾಕೆ ತೊಳೆಯುತ್ತಿದ್ದೇನೆ ಎಂದು ಹೊಳೆಯಿತು. ಆದರೂ ತೊಳೆದು ಒಣಹಾಕಿದಳು.

ಹನ್ನೆರಡು ಗಂಟೆಗೆ ಬಂದ ಸರಸ್ವತಿ ಚೀಲ ಇಳಿಸದೆ ಅಜ್ಜಿಯ ಕೋಣೆಯಲ್ಲಿ ನಿಂತಳು. ಆಮೇಲೆ ಅಡುಗೆಮನೆಗೆ ಬಂದಳು.

"ಅಜ್ಜಿ ಮೂಗಿಂದು ಎಲ್ಲಿ?"

"ತೆಗೆಸಿದ್ರು. ಅಜ್ಜೀನೇ ಬೇಡ ಅಂದ್ರು."

"ಇವತ್ತು ಏಕಾದಶಿ ಅಮ್ಮ."

"ಗೊತ್ತು."

"ಹೋದ ಸಲಾನೂ ಹಿಡ್ಕೊಂಡಿದ್ರು. ಮಾರನೇ ದಿನ ತಾವೇ ಕೊಟ್ರು. ಅಪ್ಪನಿಗೆ ಹೇಳ್ಲಿಲ್ವಾ?"

ಸೀತಾಲಕ್ಷ್ಮಿ ಅವಲಕ್ಕಿ ತೊಳೆಯುತ್ತಿದ್ದಳು. ತೊಳೆಯುತ್ತಲೇ ಇದ್ದಳು. ಅವಲಕ್ಕಿ ಮೆತ್ತಗಾಗಿ ನೀರೆಲ್ಲ ಬೆಳ್ಳಗಾಯಿತು.

"ಕೇಳ್ತಾ ಇದ್ದೀನಿ ಅಮ್ಮ."

"ಕೈಕಾಲು ತೊಳ್ಕೋ ಹೋಗು."

ದ್ವಾದಶಿ ಬೆಳಗ್ಗೆ ಸೀತಾಲಕ್ಷ್ಮಿ ಎಂದಿನಂತೆ ನಾಲ್ಕೂವರೆಗೆ ಎದ್ದು ಮಡಿಯಲ್ಲಿ ಅಡುಗೆಗಿಟ್ಟಳು. ಅಗಸೆ ಸೊಪ್ಪು ಹಿಂದಿನ ದಿನವೇ ಬಿಡಿಸಿಟ್ಟಿತ್ತು. ನೆಲ್ಲಿಚೆಟ್ಟು ನೆನೆಹಾಕಿದಳು. ಒಗ್ಗರಣೆಯ ವಾಸನೆ ಮನೆಯೆಲ್ಲ ಹರಡಿತು. ಬದರಿನಾಥ ಪೂಜೆ ಮುಗಿಸಿ ಗಂಟೆ ಅಲ್ಲಾಡಿಸಿದ. ಸರಸ್ವತಿ ಅಜ್ಜಿಯ ಹತ್ತಿರ ನಿಂತು ಓದುತ್ತಿದ್ದಳು. ದ್ವಾದಶಿ ಅಂದ ಕೂಡಲೇ ದನಿ ನಿಂತಿತು.

ಸೀತಾಲಕ್ಷ್ಮಿ ಹೋಗಿ ನೋಡಿದಳು. ಸುಭದ್ರಮ್ಮ ಎಡಗೈಯಿಂದ ತಮ್ಮ ಸತ್ತ ಬಲಗೈಯನ್ನು ಹಿಡಿದು ಮೇಲಕ್ಕೆತ್ತಿದ್ದರು. ಬಲಗೈಯ ಬೆರಳುಗಳನ್ನು ಎಡಗೈಯೇ ಮಡಿಸಿ ಗುಳಿ ಮಾಡಿ ಹಿಡಿದಿತ್ತು. ತೀರ್ಥಕ್ಕೆ ಒಡ್ಡಿದ ಕೈ. ಕಣ್ಣು ದೇವರಮನೆಯ ಕಡೆಗಿತ್ತು. ಆಮೇಲೆ ಸೊಸೆಯ ಕಡೆ ಬಂತು. ಆಮೇಲೆ ಖಾಲಿ ಕೆನ್ನೆಯನ್ನು ಎಡಗೈ ತಡವಿ ಹುಡುಕಿತು. ಅಷ್ಟರಲ್ಲಿ ಬಲಗೈ ಹಾಸಿಗೆಯ ಮೇಲೆ ಬಿತ್ತು. ಮತ್ತೆ ಎತ್ತಿದರು.

ಬದರಿನಾಥ ತೀರ್ಥದ ಬಟ್ಟಲು ಹಿಡಿದು ಬಂದ. "ಕೊನೇ ತೀರ್ಥ ಕೇಳ್ತಾ ಇದ್ದಾಳೆ" ಅಂದ. ಆ ಗುಳಿಗೆ ಒಂದು ಉದ್ಧರಣೆ ಬಿಟ್ಟ. ಸುಭದ್ರಮ್ಮ ಅದನ್ನು ಬಾಯಿಗೆ ತರಲು ನೋಡಿದರು. ಮೊಣಕೈವರೆಗೆ ಹರಿದುಹೋಯಿತು.

ಸೀತಾಲಕ್ಷ್ಮಿ ಗಂಡನನ್ನು ಹಿತ್ತಲಿಗೆ ಕರೆದಳು. ಬಾವಿಕಟ್ಟೆಯ ಹತ್ತಿರ ನಿಂತು ಎಲ್ಲ ಹೇಳಿದಳು. ಹೋದ ಏಕಾದಶಿ ಕೈ ಅಡ್ಡ ಹಿಡಿದದ್ದು. ಹಾಲಿಗೆ ಹೆಪ್ಪು ಹಾಕಿದ್ದು. ದ್ವಾದಶಿ ದಿನ ಕೊಳವೆ ತಾವೇ ನೀಡಿದ್ದು.

ಬದರಿನಾಥ ಬಾವಿಯ ಹಗ್ಗ ಹಿಡಿದುಕೊಂಡ.

"ನಿನ್ನೆ ಯಾಕೆ ಹೇಳ್ಲಿಲ್ಲ?"

"ಬೈತೀರ ಅಂತ ಒಂದು."

"ಇನ್ನೊಂದು?"

"ನನಗೆ ಆಗ್ತಾ ಇರ್ಲಿಲ್ಲ ಅಂದ್ರೆ. ನನ್ನ ಕೈಯಲ್ಲಿ ಆಗ್ತಾ ಇರ್ಲಿಲ್ಲ."

ಅವನು ಬೈಯಲಿಲ್ಲ. ಒಳಗೆ ಹೋಗಿ ಅಂಗಿ ಹಾಕಿಕೊಂಡು ಬಂದ. "ಡಾಕ್ಟರನ್ನ ಕರಕೊಂಡು ಬರ್ತೀನಿ. ಟ್ಯೂಬು ಎಲ್ಲಿದೆ?"

"ಒಣಹಾಕಿದ್ದೀನಿ."

"ಕುದಿಸಿಡು."

ಸೀತಾಲಕ್ಷ್ಮಿ ಚೊಂಬಿನಲ್ಲಿ ನೀರು ಕುದಿಸಿ ಕೊಳವೆ ಹಾಕಿದಳು. ಹಾಲು ಬಿಸಿ ಮಾಡಿ ಆರಿಸಿದಳು. ಸರಸ್ವತಿ ಬೀದಿ ಬಾಗಿಲಿಗೂ ಕೋಣೆಗೂ ಓಡಾಡಿದಳು. ಅರ್ಧ ಗಂಟೆಗೆ ಬದರಿನಾಥ ಒಬ್ಬನೇ ಬಂದು ಜಗಲಿಯಲ್ಲಿ ಕೂತ.

"ಡಾಕ್ಟರು ಇರ್ಲಿಲ್ವಾ?" ಅಂದಳು ಸೀತಾಲಕ್ಷ್ಮಿ.

"ಹೋಗ್ಲಿಲ್ಲ. ಮೂಲೆ ಸೈಟಿನವರೆಗೂ ಹೋದೆ."

"ಯಾಕೆ?"

"ಮತ್ತೆ ಹಾಕಿಸಿದ್ರೆ ಮತ್ತೊಂದು ದಿನ ತೆಗೆಸಬೇಕಾಗುತ್ತೆ. ಆ ಹುಣ್ಣು ನೋಡಿದ್ಯಲ್ಲ. ಆವತ್ತು ತೆಗೀರಿ ಅಂತ ಯಾರು ಹೇಳೋದು? ನಿನ್ನೆ ಅಮ್ಮ ಹೇಳಿದ್ಲು ಅಂತ ಹೇಳ್ದೆ. ಇನ್ನೊಂದು ಸಲ ಅದು ನಾನೇ ಹೇಳಬೇಕು. ನನ್ನ ಕೈಲಾಗಲ್ಲ ಸೀತಾ." ಚಪ್ಪಲಿ ಬಿಚ್ಚಿದ. "ಕಿಟ್ಟಿಗೆ ಹೇಳಬೇಡ. ಅವನಾದ್ರೂ ಸಮಾಧಾನವಾಗಿರಲಿ."

ಬಾಗಿಲ ಹಿಂದೆ ಸರಸ್ವತಿ ನಿಂತಿದ್ದಳು. ಅಪ್ಪನ ಮುಖ ನೋಡಿದಳು, ಅಮ್ಮನ ಮುಖ ನೋಡಿದಳು. ಒಳಗೆ ಹೋದಳು. ಅವತ್ತು ಆ ಮನೆಯಲ್ಲಿ ಪಾರಣೆಗೆ ಎಲೆ ಹಾಕಲಿಲ್ಲ. ಕಿಟ್ಟಿಯೊಬ್ಬ ನಿಂತುಕೊಂಡೇ ಪಲ್ಯ ಅನ್ನ ತಿಂದು ಶಿಫ್ಟಿಗೆ ಹೋದ.

ಸೋಮವಾರ ತ್ರಯೋದಶಿ. ಸರಸ್ವತಿ ಓದಿದಳು. ಸುಭದ್ರಮ್ಮ ಮತ್ತೆ ಬಲಗೈ ಎತ್ತಿ ಹಿಡಿದರು. ಹೊತ್ತು ಮೀರಿತು ಅನ್ನುವ ಹಾಗೆ ಗಂಟಲಿನಿಂದ ಒಂದು ಸದ್ದು ಮಾಡಿದರು. ಸೀತಾಲಕ್ಷ್ಮಿ ಹತ್ತಿ ಒದ್ದೆ ಮಾಡಿ ತುಟಿಗೆ ಒತ್ತಿದಳು. ಅವರು ಹತ್ತಿಯನ್ನು ಹೀರಲು ನೋಡಿ ಕೆಮ್ಮಿ ಕೆಮ್ಮಿ ಸುಸ್ತಾದರು. ಸುಧಾರಿಸಿಕೊಂಡ ಮೇಲೆ ಮತ್ತೆ ಕೈ. ಮಧ್ಯಾಹ್ನದವರೆಗೆ ಅದೇ ಆಯಿತು. ಎತ್ತುವುದು, ಬೀಳುವುದು, ಎತ್ತುವುದು. ಪಂಕಜಾ ಬಂದವಳು ಅದನ್ನು ಕಂಡು, "ನಮಸ್ಕಾರ ಮಾಡ್ತಾ ಇದ್ದಾಳೆ ನಮ್ಮಮ್ಮ" ಎಂದು ಗಟ್ಟಿಯಾಗಿ ಅತ್ತಳು.

"ಹೌದು" ಅಂದಳು ಸೀತಾಲಕ್ಷ್ಮಿ.

ಮಂಗಳವಾರ ಬೆಳಗ್ಗೆ ಅವಳು ಅಡುಗೆಮನೆಯಲ್ಲಿದ್ದಾಗ ಕೋಣೆಯಿಂದ ಮಗಳ ದನಿ ಬಂತು. ಎಂದಿನ ರಾಗ. ಫಾಲ್ಗುಣ ಮಾಸ, ಶುಕ್ಲ ಪಕ್ಷ. ಅಲ್ಲಿ ಒಂದು ಕ್ಷಣ ನಿಂತು, ಮುಂದಕ್ಕೆ ಹೋಯಿತು.

"ಏಕಾದಶಿ."

ಸೀತಾಲಕ್ಷ್ಮಿ ಸೌದೆ ಕೈಯಲ್ಲಿ ಹಿಡಿದೇ ಬಂದು ಬಾಗಿಲಲ್ಲಿ ನಿಂತಳು. ಸರಸ್ವತಿ ತಲೆ ಎತ್ತಲಿಲ್ಲ. ವಾರ, ನಕ್ಷತ್ರ, ಯೋಗ, ಕರಣ ಎಲ್ಲ ಓದಿ ಮುಗಿಸಿದಳು. ಸುಭದ್ರಮ್ಮ ಮೊಮ್ಮಗಳನ್ನು ನೋಡಿದರು. ತುಂಬ ಹೊತ್ತು ನೋಡಿದರು. ಆಮೇಲೆ ಎಡಗೈ ಬಲಗೈಯನ್ನು ಮೆಲ್ಲಗೆ ಹಾಸಿಗೆಯ ಮೇಲಿಳಿಸಿ, ಅದರ ಮೇಲೆ ತಾನೂ ಮಲಗಿತು.

ಅವತ್ತು ಅವರು ಏನನ್ನೂ ಕೇಳಲಿಲ್ಲ. ಹತ್ತಿ ತಂದರೆ ತುಟಿ ಬಿಗಿದುಕೊಂಡರು.

ಸಂಜೆ ಬದರಿನಾಥ ಮಗಳನ್ನು ಕರೆದು, "ಬೆಳಗ್ಗೆ ಏನು ಓದಿದೆ ಅಂತ ಅಮ್ಮ ಹೇಳಿದ್ಲು" ಅಂದ.

"ಬೇರೆ ಏನು ಓದಲಿ ಅಪ್ಪ? ನೀವು ಹೇಳಿ, ಅದನ್ನೇ ಓದ್ತೀನಿ."



ಬುಧವಾರವೂ ಏಕಾದಶಿ ಓದಿದಳು. ಅವತ್ತು ಕಾಮ ಸುಡುವ ಹುಣ್ಣಿಮೆ. ಖಾಲಿ ಸೈಟಿನಲ್ಲಿ ಹುಡುಗರು ಕದ್ದು ತಂದ ಸೌದೆ, ಬೆರಣಿ ಒಟ್ಟಿ ತಮಟೆ ಬಡಿಯುತ್ತಿದ್ದರು. ಕತ್ತಲಾಗುತ್ತಲೇ ಕೆರೆ ಏರಿಯ ಮೇಲೆ ಚಂದ್ರ ತುಂಬಿಕೊಂಡು ಬಂದ. ಅತ್ತೆಯ ಹಾಸಿಗೆ ಪೂರ್ವದ ಕಿಟಕಿಗೆ ಎದುರಾಗಿತ್ತು. ಸೀತಾಲಕ್ಷ್ಮಿ ಹೋಗಿ ಕಿಟಕಿಯ ಎರಡು ಬಾಗಿಲನ್ನೂ ಮುಚ್ಚಿ ಅಗುಳಿ ಹಾಕಿದಳು.

"ಸೆಖೆ ಆಗಲ್ವೇ ಅತ್ತಿಗೆ?" ಅಂದ ಕಿಟ್ಟಿ.

"ಹೊಗೆ ಬರುತ್ತೆ" ಅಂದಳು.

ಗುರುವಾರ ಏಕಾದಶಿ. ಸುಭದ್ರಮ್ಮನವರ ಕಣ್ಣು ಅರ್ಧ ತೆರೆದಿತ್ತು. ಶುಕ್ರವಾರ ಸರಸ್ವತಿ ತಲೆದೆಸೆಯಲ್ಲಿ ನಿಂತು ಏಕಾದಶಿ ಓದಿ, ನಕ್ಷತ್ರಕ್ಕೆ ಬರುವಷ್ಟರಲ್ಲಿ, ಅಜ್ಜಿಯ ಎದೆಯ ಮೇಲಿನ ಸೆರಗು ಆಡುತ್ತಿರಲಿಲ್ಲ. ಅವಳು ಕಡೆಯವರೆಗೂ ಓದಿ, ಪಂಚಾಂಗ ಮಡಿಸಿ, "ಅಮ್ಮಾ" ಎಂದು ಕರೆದಳು.

ಹತ್ತು ಗಂಟೆಗೆ ಪುರೋಹಿತ ಗಂಗಾಧರಾಚಾರ್ಯರು ಬಂದರು. ಪಂಕಜಾ, ಅವಳ ಗಂಡ, ಅಕ್ಕಪಕ್ಕದ ಮನೆಯವರು ಸೇರಿದ್ದರು. ಮುನಿಲಕ್ಷ್ಮಮ್ಮ ಗೇಟಿನಾಚೆ ಹಸುವಿನ ಹಗ್ಗ ಹಿಡಿದು ನಿಂತಿದ್ದಳು. ಕಿಟ್ಟಿ ಬಂದವರಿಗೆಲ್ಲ ಹೇಳುತ್ತಿದ್ದ: "ಕೊಳವೆ ಬೇಡ ಅಂತ ಅವಳೇ ಕೈಯಿಂದ ಹಿಡಕೊಂಡ್ಲು. ಅದೂ ಏಕಾದಶಿ ದಿನ. ತನ್ನ ಸಾವನ್ನ ತಾನೇ ತೀರ್ಮಾನಿಸಿದ್ಲು ನಮ್ಮಮ್ಮ." ಕೇಳಿದವರು ಕೈ ಮುಗಿದರು.

ಬದರಿನಾಥ ಒದ್ದೆ ಪಂಚೆಯಲ್ಲಿ ಕೂತ. ಆಚಾರ್ಯರು ದರ್ಭೆ ಕೊಟ್ಟು ಸಂಕಲ್ಪಕ್ಕೆ ಬಾಯಿ ತೆರೆದವರು ತಡೆದು ಕೇಳಿದರು:

"ತಿಥಿ ನೋಡಿದ್ರೇನು? ವರ್ಷ ವರ್ಷ ಇದೇ ತಿಥಿಗೆ ಶ್ರಾದ್ಧ ಬರೋದು. ಪಂಚಾಂಗ ತರ್ಸಿ."

"ಸರಸೂ ದಿನಾ ಓದ್ತಾಳೆ" ಅಂದಳು ಪಂಕಜಾ. "ಯಾವ ತಿಥಿಯೇ ಇವತ್ತು?"

ಎಲ್ಲರೂ ಹುಡುಗಿಯ ಕಡೆ ನೋಡಿದರು. ಸರಸ್ವತಿ ಪಂಚಾಂಗ ತೆಗೆಯಲಿಲ್ಲ.

"ಏಕಾದಶಿ" ಅಂದಳು.

ಆಚಾರ್ಯರು ಕನಿಕರದಿಂದ ನೋಡಿದರು. "ಎಲ್ಲೀ ಏಕಾದಶಿ ಮಗೂ, ಮೊನ್ನೆ ತಾನೇ ಹುಣ್ಣಿಮೆ ಹೋಯ್ತಲ್ಲ. ಇವತ್ತು ಬಹುಳ ಬಿದಿಗೆ."

"ಪಾಪ, ಅದಕ್ಕೆ ದಿನವೇ ಗೊತ್ತಾಗ್ತಿಲ್ಲ" ಅಂದ ಕಿಟ್ಟಿ.

ಸರಸ್ವತಿ ತಿದ್ದಿಕೊಳ್ಳಲಿಲ್ಲ. ಆಚಾರ್ಯರು ಹೇಳಿಕೊಡುತ್ತ ಹೋದರು, ಬದರಿನಾಥ ಹಿಂದೆಯೇ ಹೇಳುತ್ತ ಹೋದ. ತಿಥಿಯ ಹತ್ತಿರ ಬಂದಾಗ ಅವನ ದನಿ ಹೊರಡಲಿಲ್ಲ. ಆಚಾರ್ಯರು ಎರಡು ಸಲ ಹೇಳಿಕೊಟ್ಟರು. ಮೂರನೆಯ ಸಲ ಬಿದಿಗೆ ಅಂದ.

ಸೀತಾಲಕ್ಷ್ಮಿ ಒಳಗೆ ಹೋಗಿ ಪೂರ್ವದ ಕಿಟಕಿಯ ಅಗುಳಿ ತೆಗೆದಳು.